ಉಡಕ್ಕೊಂದು ಒರಟು ಕಲ್ಲು

ಬೆಟ್ಟಗಳಿಗೆ ಇನ್ನೂ ಯಾರೂ ಹೆಸರಿಡದ ಕಾಲದಲ್ಲಿ ಕೆಂಡಗಿರಿ ಅಂತ ಒಂದು ರಾಜ್ಯವಿತ್ತು. ಹಾಗಾದರೆ ಈ ಗಿರಿಗೆ ಹೆಸರಿಟ್ಟವರು ಯಾರು ಅಂತ ಕೇಳಬೇಡಿ, ಕತೆ ನಿಂತುಹೋಗುತ್ತದೆ.

ಅಲ್ಲಿಯ ಮಾಂತ್ರಿಕ ಧೂಮಕೇಶ, ಮಂತ್ರಿಪದವಿ ಸಿಗಲಿಲ್ಲವೆಂಬ ಸಿಟ್ಟಿಗೆ ರಾಜಕುಮಾರನನ್ನು ಉಡ ಮಾಡಿಬಿಟ್ಟ. ಪೊರೆ ಬಿಟ್ಟ ದಿನ ಮನುಷ್ಯನಾಗುತ್ತಾನೆ, ಹುಣ್ಣಿಮೆಯೊಳಗೆ ಬಿಡದಿದ್ದರೆ ಕೊನೆವರೆಗೂ ಉಡವೇ ಎಂದು ಹೇಳಿ ನಗುತ್ತಾ ಹೋದ. ಅರಮನೆಯವರ ಅಕ್ಕರೆ ಎಂಥದ್ದೆಂದು ಅವನಿಗೆ ಚೆನ್ನಾಗಿ ಗೊತ್ತಿತ್ತು.

ಅವರು ಉಡವನ್ನು ಅಮೃತಶಿಲೆಯ ಕೋಣೆಯಲ್ಲಿ ರೇಷ್ಮೆ ಹಾಸಿಗೆಯ ಮೇಲೆ ಮಲಗಿಸಿದರು. ದಿನಕ್ಕೆರಡು ಸಲ ಹರಳೆಣ್ಣೆ ತಿಕ್ಕಿದರು, ದೃಷ್ಟಿ ತೆಗೆದರು, ಬೆಳ್ಳಿ ಬಟ್ಟಲಲ್ಲಿ ಪಾಯಸ ಇಟ್ಟರು. ಹುಣ್ಣಿಮೆಗೆ ಮೂರು ದಿನ ಉಳಿದಾಗ ಪೊರೆ ಮೈಗೆ ಬಿಗಿದು ಬಾಲದ ತುದಿ ಕಪ್ಪಾಗಿತ್ತು.

ಅರಮನೆಯ ಕಂಬ ಕೆತ್ತಲು ಬಂದಿದ್ದ ಕಲ್ಲುಕುಟಿಗರ ಹೊನ್ನಾಜಿ ಇದನ್ನು ನೋಡಿದಳು. ಅವಳು ಬೈದರೆ ಬಂಡೆ ತಾನಾಗಿ ಬಿರಿಯುತ್ತಿತ್ತು. ಕೈಯಲ್ಲಿನ ಉಳಿ ಬರೀ ಶಾಸ್ತ್ರಕ್ಕೆ.

"ದೊರೆ, ಉಡ ಏನು ಹೊಸ ಅಳಿಯನಾ, ಹಾಸಿಗೆ ಹಾಸೋಕೆ? ನಮ್ಮ ಕಲ್ಲುಗಣಿ ತುಂಬಾ ಉಡಗಳಿವೆ, ಒಂದೂ ದಿಂಬು ಕೇಳಿಲ್ಲ. ಕಾದ ಬಂಡೆ ಬೇಕು, ತಂಪು ಬಿಲ ಬೇಕು, ಮೈ ಉಜ್ಜೋಕೆ ಒರಟು ಕಲ್ಲು ಬೇಕು."

ರಾಜ ಕಿಡಿಕಿಡಿಯಾದ. ಪೊರೆ ಬಿಡದಿದ್ದರೆ ನಿನ್ನ ತಲೆ ಹೋಗುತ್ತದೆ ಎಂದ. ಹೋಗಲಿ, ಮೊದಲು ಹಿತ್ತಿಲು ಬಿಟ್ಟುಕೊಡಿ ಎಂದಳು ಅವಳು.

ಮೊದಲ ದಿನ ಚಪ್ಪಟೆ ಬಂಡೆ ಹಾಸಿದಳು. ಧೂಮಕೇಶ ಮೋಡದ ಕೋಣವನ್ನು ಕಳಿಸಿದ. ಅದು ಸೂರ್ಯನಿಗೆ ಅಡ್ಡ ನಿಂತಿತು. ಹೊನ್ನಾಜಿ ಸೊಂಟಕ್ಕೆ ಕೈಯಿಟ್ಟು ಅದರ ಏಳು ತಲೆಮಾರನ್ನು ಬೈದಳು. ಕೋಣ ಓಡಿಹೋಗಿ ಪಕ್ಕದ ರಾಜ್ಯದಲ್ಲಿ ಮಳೆಯಾಗಿ ಸುರಿಯಿತು. ಬಂಡೆ ಕಾಯಿತು, ಉಡ ಕಣ್ಣು ಬಿಟ್ಟಿತು.

ಎರಡನೆಯ ದಿನ ಒದ್ದೆ ಮಣ್ಣು ಪೇರಿಸಿ ಬಿಲ ತೋಡಿದಳು. ಧೂಮಕೇಶ ಕಬ್ಬಿಣದ ಹೆಗ್ಗಣವನ್ನು ಕಳಿಸಿದ; ಬಿಲ ಕುಸಿಯಿತು. ಹೊನ್ನಾಜಿ ಬೈದ ಬೈಗುಳಕ್ಕೆ ಹೆಗ್ಗಣ ಒಂದು ಹಿಡಿ ತುಕ್ಕಾಯಿತು. ಆ ಬೈಗುಳ ನನಗೆ ಗೊತ್ತು, ಬರೆದರೆ ಕಾಗದ ಸುಡುತ್ತದೆ. ಮತ್ತೆ ತೋಡಿದ ಬಿಲದಲ್ಲಿ ಉಡ ಮೈ ತಂಪು ಮಾಡಿಕೊಂಡಿತು.

ಮೂರನೆಯ ದಿನ ಒರಟು ಕಲ್ಲು ನೆಟ್ಟಳು. ಉಡ ಮೂತಿ ಉಜ್ಜಿತು. ಪೊರೆ ಸೀಳಿ ಒಂದು ಹನಿ ರಕ್ತ ಕಂಡಿತು. ಈ ಸಲ ಧೂಮಕೇಶ ಯಾರನ್ನೂ ಕಳಿಸಬೇಕಾಗಲಿಲ್ಲ. ರಾಣಿಯೇ ಎಣ್ಣೆ ಬಟ್ಟಲು ಹಿಡಿದು ಓಡಿ ಬಂದಳು, ಮಗನ ಪೊರೆ ತಾನೇ ಎಳೆದು ತೆಗೆಯುತ್ತೇನೆಂದು.

ಹೊನ್ನಾಜಿ ಬಾಯಿ ತೆರೆದಳು. ಬೈಗುಳ ಬರಲಿಲ್ಲ. ರಾಣಿಯ ಕೈ ಹಿಡಿದುಕೊಂಡಳು.

"ಎಳೆದರೆ ಚರ್ಮವೂ ಬರುತ್ತೆ ತಾಯಿ. ತಾನೇ ಉಜ್ಜಿಕೊಳ್ಳಲಿ. ಸುಮ್ಮನೆ ನೋಡ್ತಾ ಕೂರೋದು ಕಷ್ಟ, ಗೊತ್ತು. ಆದರೂ ಕೂತ್ಕೊಳ್ಳಿ."

ರಾಣಿ ಬಟ್ಟಲು ಕೆಳಗಿಟ್ಟು ಕೂತಳು. ಚಂದ್ರ ಮೂಡುವ ಮುನ್ನ ಪೊರೆ ಕಾಲುಚೀಲದಂತೆ ಕಳಚಿತು. ಎದ್ದು ನಿಂತ ರಾಜಕುಮಾರ ಆಡಿದ ಮೊದಲ ಮಾತು ಇದು: "ಇನ್ನು ಯಾರಾದರೂ ನನಗೆ ಎಣ್ಣೆ ಹಚ್ಚಿದರೆ ಕಚ್ಚುತ್ತೇನೆ."

ಧೂಮಕೇಶ ಹಲ್ಲು ಕಡಿಯುತ್ತಾ ಗೋಡೆ ಹಾರಿ ಬಂದ. ಹೊನ್ನಾಜಿ ಆ ಪೊರೆಯನ್ನೇ ಅವನ ಮೇಲೆ ಎಸೆದಳು. ಅದು ಅಂಟಿಕೊಂಡು ಅವನೇ ಉಡವಾದ. ಇವನನ್ನು ರೇಷ್ಮೆ ಹಾಸಿಗೆಗೆ ಹಾಕಿ, ಹರಳೆಣ್ಣೆ ತಿಕ್ಕಿ ಎಂದು ರಾಜ ಗುಡುಗಿದ.

ಹೊನ್ನಾಜಿ ಮತ್ತೆ ಸಿಡಿದಳು. ಮಾಂತ್ರಿಕ ಕೆಟ್ಟವನು ಸರಿ, ಉಡ ಏನು ಮಾಡಿದೆ ಎಂದು ಕೇಳಿದಳು. ಅದಕ್ಕೆ ಕಾದ ಬಂಡೆ ಕೊಟ್ಟಳು, ತಂಪು ಬಿಲ ಕೊಟ್ಟಳು. ಒರಟು ಕಲ್ಲನ್ನು ಮಾತ್ರ ಮೂರು ದಿನ ಕೂತು ಉಜ್ಜಿ ಉಜ್ಜಿ ಕನ್ನಡಿಯಂತೆ ನುಣುಪು ಮಾಡಿದಳು.

ಕೆಂಡಗಿರಿಯವರು ಅಂದಿನಿಂದ ನೆಮ್ಮದಿಯಾಗಿದ್ದಾರೆ. ಆ ಉಡವೂ ಸುಖವಾಗಿದೆ, ಇವತ್ತಿಗೂ ಉಡವಾಗಿಯೇ.