ಹುಚ್ಚವ್ವನ ಪಾಳಿ

"ನೀ ಒಬ್ಬನ ಒಳಗ ಹೋಗಬ್ಯಾಡೋ ಯಪ್ಪಾ. ನಮ್ಮ ಪಾಳಿ ನಮಗ ಬಿಡು, ಆಮ್ಯಾಲ ಹೋಗು."

ಗುಡಿಯ ಕಟ್ಟೆಯ ಮೇಲೆ ಕೂತಿದ್ದ ಹುಚ್ಚವ್ವ ಹೀಗೆಂದಾಗ ಸುಭಾಷ ನಕ್ಕುಬಿಟ್ಟ. ವಿಜಯಪುರದ ಸ್ಟೇಷನ್ ರಸ್ತೆಯಲ್ಲಿ ಪೈಪು, ಮೋಟಾರು ಮಾರುವ ಈ ಮಹಾಶಯ ಅಜ್ಜ ಸತ್ತ ಮೇಲೆ ಕಳ್ಳಕವಟಗಿಯ ಕರೆವ್ವನ ಗುಡಿಯತ್ತ ತಲೆ ಹಾಕಿದವನೇ ಅಲ್ಲ. ಗುಡಿಯ ಹೊಲಕ್ಕೆ ದ್ರಾಕ್ಷಿ ಹಬ್ಬಿದ್ದೇ ತಡ, ಭಕ್ತಿ ಉಕ್ಕಿತು ನೋಡಿ! ಪೂಜೆಯ ಪಾಳಿ, ಹೊಲದ ವಹಿವಾಟು ಎರಡೂ ತನ್ನ ಮನೆತನದ್ದು ಮಾತ್ರ, ಚಿಕ್ಕಪ್ಪನ ಹೆಂಡತಿ ಹುಚ್ಚವ್ವ ಈ ವಂಶಕ್ಕೆ ಸೇರಿದವಳೇ ಅಲ್ಲ ಎಂದು ಕೋರ್ಟಿನಲ್ಲಿ ವಾದಿಸಿ ಗೆದ್ದಿದ್ದ.

ಆ ಗುಡಿಯದೊಂದು ಕಟ್ಟಳೆ. ಪಾಳಿ ಮುಗಿಸಿದವರು ಗರ್ಭಗುಡಿಯಲ್ಲಿ ಕೂರಬೇಕು. ಪಾಳಿ ಹಿಡಿಯುವ ಇನ್ನೊಂದು ಮನೆಯವರು ಹೊಸ್ತಿಲಾಚೆ ನಿಂತು, ಕೈಹಿಡಿದು ಅವರನ್ನು ಹೊರಗೆ ತರಬೇಕು. ಹಿಂದೊಮ್ಮೆ ಅಣ್ಣನೊಬ್ಬ ತಮ್ಮನ ಪಾಳಿ ನುಂಗಿದಾಗ ತಮ್ಮನ ಹೆಂಡತಿ ಹೊಸ್ತಿಲಡಿ ಮಾಟ ಹೂತಿದ್ದಳಂತೆ. ಗುಡಿಯನ್ನು ಒಂದೇ ಮನೆ ಹಿಡಿದರೆ ಆ ಮನೆಯ ಒಂದು ಜೀವ ಒಳಗೇ ಇರಲಿ ಎಂದು ಶಾಪ ಹಾಕಿದ್ದಳಂತೆ.

"ಜಡ್ಜ್ ಸಾಹೇಬ್ರ ಮುಂದ ನಡೀಲಿಲ್ಲ, ಈಗ ಮಾಟದ ಕತಿ ತಂದೀಯೇನ ಚಿಗವ್ವ?" ಎನ್ನುತ್ತ ಸುಭಾಷ ಒಳಹೊಕ್ಕ.

ಹೊರಗೆ ಸುಡುವ ಮಧ್ಯಾಹ್ನ. ಒಳಗೆ ಹಳಸಿದ ಎಣ್ಣೆಯ ಜಿಡ್ಡು ವಾಸನೆ, ಬಾವಲಿಯ ಹಿಕ್ಕೆಯ ಘಾಟು, ಅಂಗಾಲಿಗೆ ತಟ್ಟುವ ತಂಪು. ಕಣ್ಣಿಗೆ ಕತ್ತಲು ಕವಿಯಿತು. ಕರೆವ್ವನ ಬೆಳ್ಳಿಯ ಕಣ್ಣುಗಳಷ್ಟೇ ಕಂಡವು. ಊದಿನಕಡ್ಡಿ ಹಚ್ಚಿ, ಕೈಮುಗಿದಂತೆ ಮಾಡಿ, ಹೊರಡಲು ತಿರುಗಿದ.

ಬಾಗಿಲು ತೆರೆದೇ ಇತ್ತು. ಅಂಗಳದ ಬಿಸಿಲು ಕಾಣುತ್ತಿತ್ತು. ಹೊಸ್ತಿಲು ದಾಟಿದ. ದಾಟಿದೆನೆಂದುಕೊಂಡ. ಮತ್ತೆ ಕರೆವ್ವನ ಮುಂದೆಯೇ ನಿಂತಿದ್ದ.

ಇನ್ನೊಮ್ಮೆ ನಡೆದ. ಆಮೇಲೆ ಓಡಿದ. ಅದೇ ಬೆಳ್ಳಿಯ ಕಣ್ಣು.

ಬೆನ್ನ ಹಿಂದೆ ಯಾರೋ ಉಸಿರಾಡಿದರು. ಬಳೆ ಸದ್ದಾಯಿತು. ತಣ್ಣನೆಯ ಕೈಯೊಂದು ಹೆಗಲ ಮೇಲೆ ಕೂತಿತು. ಸುಭಾಷ ಬಾಗಿಲತ್ತ ಕೂಗಿದ.

"ಚಿಗವ್ವ! ಕೈ ಕೊಡಬೇ!"

ಮುದುಕಿ ಓಡಿಬಂದು ಹೊಸ್ತಿಲಾಚೆಯಿಂದ ಕೈ ಚಾಚಿದಳು. ಗೇಣು ದೂರ. ಎಷ್ಟು ಚಾಚಿದರೂ ಗೇಣು ದೂರವೇ ಉಳಿಯಿತು.

"ಸಿಗವಲ್ದೋ ಯಪ್ಪಾ!"

"ಹೊಲ, ಗುಡಿ, ಪಾಳಿ ಎಲ್ಲಾ ನಿಂದ!"

"ಈಗ ಅಂದ್ರ ಏನ್ ಬಂತೋ? ನಾ ಈ ಮನಿಯಾಕಿ ಅಲ್ಲಂತ ನೀನ ಆಣಿ ಮಾಡಿ ಹೇಳಿದಿ. ಅದನ್ನ ಕರೆವ್ವನೂ ಕೇಳ್ಯಾಳ." ಹುಚ್ಚವ್ವ ಅಳುತ್ತಿದ್ದಳು. "ಇನ್ನ ನಿನ್ನ ರಕ್ತದವರು ಕೈ ಹಿಡದ್ರಷ್ಟ ನಿನಗ ಬಿಡುಗಡಿ. ಹಿಡದವರು ಒಳಗ ಉಳೀತಾರ."

ಅಷ್ಟರಲ್ಲಿ ಕಾರಿನ ಬಾಗಿಲು ಬಡಿದ ಸದ್ದು. ಇವನ ಜೊತೆ ಬಂದು ಕಾರಿನಲ್ಲೇ ಕೂತಿದ್ದ ಮಗಳು ಚಂದ್ರಕಲಾ! ಅಪ್ಪನ ಕೂಗು ಕೇಳಿ ಬರಿಗಾಲಲ್ಲೇ ಓಡಿಬರುತ್ತಿದ್ದಳು. ಹುಚ್ಚವ್ವ ಅಡ್ಡ ನಿಂತಳು. ಹುಡುಗಿ ಅವಳನ್ನು ಸರಿಸಿ ಹೊಸ್ತಿಲಿಗೆ ಬಂದಳು.

"ಅಪ್ಪಾ, ಏನಾತು? ಬರಲೇನು?"

ಬರಬೇಡ. ಅಷ್ಟೇ ಹೇಳಬೇಕಿತ್ತು. ಒಂದೇ ಮಾತು. ಈ ಮಗಳಿಗೆ ಚಳಿಜ್ವರ ಬಂದಾಗ ರಾತ್ರಿಯಿಡೀ ಎದೆಗಪ್ಪಿಕೊಂಡು ಕೂತವನು ಇದೇ ಸುಭಾಷ. ತಣ್ಣನೆಯ ಬೆರಳುಗಳು ಕುತ್ತಿಗೆಗೆ ಬಂದವು. ಬಿಗಿದವು. ಉಸಿರು ಕಟ್ಟಿತು.

"ಬಾ," ಅಂದ. "ಲಗೂನ ಬಾ."

ಅವಳು ಕೈ ಹಿಡಿದಳು.

ಸುಭಾಷ ಬಿಸಿಲಿಗೆ ಬಿದ್ದ. ಬಾಯಿ ತುಂಬ ಮಣ್ಣು. ಎದ್ದು ನೋಡಿದರೆ ಒಳಗೆ ಕತ್ತಲಲ್ಲಿ ಚಂದ್ರಕಲಾ ನಿಂತಿದ್ದಳು. ಹೊಸ್ತಿಲತ್ತ ನಡೆಯುತ್ತಿದ್ದಳು, ಮತ್ತೆ ಕರೆವ್ವನ ಮುಂದೆಯೇ ಇರುತ್ತಿದ್ದಳು.

"ಅಪ್ಪಾ, ಇಲ್ಲಿ ಯಾರೋ ಅದಾರ. ಕೈ ಕೊಡಪಾ."

ಅವಳು ಚಾಚಿದ ಕೈ ಹತ್ತಿರವೇ ಇತ್ತು. ಹಿಡಿದರೆ ಸಿಗುವಷ್ಟು ಹತ್ತಿರ. ಹುಚ್ಚವ್ವ ಅವನ ಮುಖವನ್ನೇ ನೋಡಿದಳು.

"ಹಿಡಿಯೋ," ಅಂದಳು.

ಸುಭಾಷ ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡ.