ಪಾಳಿಯ ಕಲ್ಲು

"ಹಾಲವ್ವ ಅಂದ್ರ ಯಾರು?"

ಶಿಗ್ಗಾಂವಿಯ ಕೋರ್ಟಿನ ಪಡಸಾಲೆಯಲ್ಲಿ ಜವಾನ ಹಾಗೆ ಕೇಳಿದಾಗ ಹಾಲವ್ವ ಅಪ್ಪನ ಧೋತರವನ್ನು ಇನ್ನಷ್ಟು ಬಿಗಿಯಾಗಿ ಹಿಡಿದುಕೊಂಡಳು.

"ಈಕೀನ ರೀ, ನನ್ನ ಮಗಳು," ಎಂದ ಅಪ್ಪ ಗುದ್ಲೆಪ್ಪ.

"ಇಷ್ಟ ಸಣ್ಣ ಸಾಕ್ಷಿನ? ಕಟಕಟಿ ಮ್ಯಾಲ ಮಾರಿ ಕಾಣಾಕ ಸ್ಟೂಲ್ ಬೇಕಾಗತೈತಿ," ಎಂದು ಜವಾನ ನಕ್ಕ.

ಹಾಲವ್ವನಿಗೆ ನಗು ಬರಲಿಲ್ಲ. ನಾಲ್ಕನೆಯ ಇಯತ್ತೆಯ ಆ ಹುಡುಗಿ ಎರಡು ತಿಂಗಳಿಂದ ಒಂದೇ ಲೆಕ್ಕ ಹಾಕುತ್ತಿದ್ದಳು. ಕೋರ್ಟಿನಲ್ಲಿ ನಿಜ ಹೇಳಿದರೆ ಅಪ್ಪ ಜೈಲಿಗೆ ಹೋಗುತ್ತಾನೆ. ಹೇಳದಿದ್ದರೆ ಹಯಾತ ಕಾಕಾ ಸುಳ್ಳನಾಗುತ್ತಾನೆ.

ಸವಣೂರಿನ ಹೊರಗೆ ಅವರದೊಂದು ವೀಳ್ಯದೆಲೆ ಬಳ್ಳಿಯ ತೋಟ. ಬೇಲಿಯ ಆಚೆ ಹಯಾತ ಕಾಕಾನ ತೋಟ. ಎರಡಕ್ಕೂ ಬಾವಿ ಒಂದೇ. ಒಂದೊಂದು ಮನೆಗೆ ಒಂದೊಂದೇ ಎತ್ತು. ಎರಡನ್ನೂ ಒಂದು ನೊಗಕ್ಕೆ ಕಟ್ಟಿ ಎಳೆಸಿದರೆ ಮಾತ್ರ ದೊಡ್ಡ ತೊಗಲ ಚೀಲ ನೀರು ತುಂಬಿಕೊಂಡು ಬಾವಿಯಿಂದ ಮೇಲೆ ಬರುತ್ತಿತ್ತು. ಮುಂಜಾನೆ ಗುದ್ಲೆಪ್ಪನ ಪಾಳಿ, ಮಧ್ಯಾಹ್ನದ ಮೇಲೆ ಹಯಾತನ ಪಾಳಿ.

ಗಡಿಯಾರ ಇಬ್ಬರ ಹತ್ತಿರವೂ ಇರಲಿಲ್ಲ. ಬಾವಿಯ ಕಲ್ಲುಕಂಬದ ನೆರಳು ನೆಲದ ಮೇಲಿನ ಅಂಗೈಯಗಲದ ಬಿಳಿ ಕಲ್ಲನ್ನು ಮುಟ್ಟಿದಾಗ ಪಾಳಿ ಬದಲಾಗುತ್ತಿತ್ತು. ಅಜ್ಜಂದಿರು ಇಟ್ಟ ಕಲ್ಲು ಅದು. ಅದನ್ನು ಯಾರೂ ನೆಲದಲ್ಲಿ ಹುಗಿದಿರಲಿಲ್ಲ. ಪಾಳಿಯ ಕಲ್ಲನ್ನು ಮುಟ್ಟುವವರೂ ಇರಬಹುದೆಂದು ಯಾರಿಗೂ ಹೊಳೆದಿರಲಿಲ್ಲ.

ಹಾಲವ್ವ ಮುಟ್ಟಿದ್ದಳು.

ಅವತ್ತು ಹಯಾತ ಕಾಕಾನ ಮಗಳು ಶಾಕೀರಾ ಆಡಲು ಬರುವುದು ತಡವಾಗಿತ್ತು. ಕುಂಟೆಬಿಲ್ಲೆಗೆ ಇಟ್ಟುಕೊಂಡಿದ್ದ ಹಂಚಿನ ಚೂರು ಒಡೆದುಹೋಗಿತ್ತು. ಬಿಳಿ ಕಲ್ಲು ಕೈಗೆ ಹಿತವಾಗಿ ಕೂತಿತು. ಒಬ್ಬಳೇ ಆಡಿ ಮುಗಿದ ಮೇಲೆ ಅದನ್ನು ತಿರುಗಿ ಇಟ್ಟಳು. ಒಂದು ಗೇಣು ಆಚೆ ಇಟ್ಟಿದ್ದೇನೆಂದು ಅವಳಿಗೆ ಆಗ ಗೊತ್ತಾಗಲಿಲ್ಲ.

ಗೊತ್ತಾದದ್ದು ಮರುದಿನ. ಹೊತ್ತು ನೆತ್ತಿಗೆ ಬಂದರೂ ಅಪ್ಪ ನೀರು ಎಳೆಸುತ್ತಲೇ ಇದ್ದ. ಪಾಳಿ ಮುಗಿಯಿತೆಂದು ಹಯಾತ ಕಾಕಾ ಹೇಳಿದ. ನೆರಳು ಕಲ್ಲನ್ನು ಇನ್ನೂ ಮುಟ್ಟಿಲ್ಲವೆಂದು ಅಪ್ಪ ತೋರಿಸಿದ. "ಕಲ್ಲು ನೀನ ಸರಿಸೀದಿ, ನೀರುಗಳ್ಳ," ಎಂದುಬಿಟ್ಟ ಕಾಕಾ. ಅಪ್ಪನ ಕೈಯಲ್ಲಿ ಎತ್ತು ಹೊಡೆಯುವ ಬಾರಕೋಲಿತ್ತು. ಒಂದೇ ಪೆಟ್ಟಿಗೆ ಕಾಕಾನ ಹಣೆ ಒಡೆಯಿತು.

ಪೊಲೀಸರು ಬಂದರು. ಅಲ್ಲೇ ನಿಂತಿದ್ದ ಹಾಲವ್ವನ ಹೆಸರನ್ನೂ ಬರೆದುಕೊಂಡರು. ಅಂದಿನಿಂದ ಶಾಲೆಯಲ್ಲಿ ಶಾಕೀರಾ ಬೇರೆ ಸಾಲಿನಲ್ಲಿ ಕೂತಳು. ಎತ್ತುಗಳೂ ಬೇರೆಯಾದವು. ಎರಡೂ ಮನೆಯವರು ಕೊಡದಲ್ಲಿ ನೀರು ಹೊತ್ತರು. ಎಷ್ಟು ಹೊತ್ತರೂ ಬಳ್ಳಿಯ ಎಲೆಗಳು ಹಳದಿಯಾಗುತ್ತಲೇ ಹೋದವು.

ಈಗ ಒಳಗಿನಿಂದ ಕರೆ ಬಂತು. ಜಡ್ಜ್ ಸಾಹೇಬರು ಮೇಜಿನ ಮೇಲಿದ್ದ ಒಂದು ಅರ್ಜಿ ಓದಿ ತಲೆಯೆತ್ತಿದರು.

"ಹಯಾತ, ಪೆಟ್ಟು ತಿಂದವರು ನೀವು. ಈ ರಾಜಿಗೆ ನೀವಾಗಿಯೇ ಒಪ್ಪಿದ್ದೀರೋ, ಯಾರಾದರೂ ಹೆದರಿಸಿದರೋ?"

"ಹೆದರ್ಸೋರು ಯಾರ್ ರೀ, ಸಾಹೇಬ್ರ," ಎಂದ ಹಯಾತ. "ಅಂವನ ಎತ್ತು ಆ ಕಡೆ, ನನ್ನ ಎತ್ತು ಈ ಕಡೆ ನಿಂತಾವ. ನಡುವ ಬಳ್ಳಿ ಒಣಗಾಕತ್ತಾವ. ನಾವು ಕೂಡೇ ಬದುಕಬೇಕಲ್ರಿ."

ಇಬ್ಬರೂ ಮೂರು ದಿನದ ಹಿಂದೆಯೇ ಮಾತಾಡಿ ಮುಗಿಸಿದ್ದರು. ಅದನ್ನು ಮಕ್ಕಳಿಗೂ ಹೇಳಬೇಕೆಂದು ಯಾರಿಗೂ ತೋಚಿರಲಿಲ್ಲ. ಸಾಹೇಬರು ಸಹಿ ಮಾಡಿದರು. ಕೇಸು ವಜಾ ಆಯಿತು, ಅಪ್ಪನಿಗೆ ಬಿಡುಗಡೆಯಾಯಿತು. ಶಾಲೆಯಲ್ಲಿ ಒಂದು ಪಾಠ ಓದುವಷ್ಟು ಹೊತ್ತೂ ಹಿಡಿಯಲಿಲ್ಲ. ಕಲ್ಲು ಸರಿಸಿದವರು ಯಾರೆಂದು ಒಬ್ಬರೂ ಕೇಳಲಿಲ್ಲ.

ಮುಂಜಾನೆ ಬರುವಾಗ ಬಸ್ಸಿನಲ್ಲಿ ಹಯಾತ ಕಾಕಾ ಮುಂದಿನ ಸೀಟಿನಲ್ಲಿದ್ದ, ಅಪ್ಪ ಹಿಂದಿನದರಲ್ಲಿ. ಮರಳಿ ಹೋಗುವಾಗ ಇಬ್ಬರೂ ಒಂದೇ ಸೀಟಿನಲ್ಲಿ ಕೂತರು, ನಡುವೆ ಹಾಲವ್ವ. ಬಂಕಾಪುರ ದಾಟುವತನಕ ಮಳೆ, ಬೆಳೆ, ಎತ್ತುಗಳ ಕಾಲಿನ ಲಾಳ ಎಲ್ಲವೂ ಮಾತಿಗೆ ಬಂದವು. ಆಮೇಲೆ ಅಪ್ಪ ಗಂಟಲು ಸರಿಮಾಡಿಕೊಂಡ.

"ಹೊಡದದ್ದು ನನ್ನ ತಪ್ಪು, ಹಯಾತ. ಆದ್ರ ಆ ಕಲ್ಲು ನಾ ಮುಟ್ಟಿಲ್ಲೋ."

"ಇರ್ಲಿ ಬಿಡು," ಎಂದ ಕಾಕಾ, ಕಿಟಕಿಯ ಕಡೆ ತಿರುಗಿ.

ಅವನು ನಂಬಿಲ್ಲವೆಂಬುದು ಹಾಲವ್ವನಿಗೆ ಕಂಡಿತು. ಅಪ್ಪನಿಗೂ ಕಂಡಿರಬೇಕು. ಅವನು ತನ್ನ ಕೈಯ ಜಡ್ಡು ಕಟ್ಟಿದ ಬೆರಳುಗಳನ್ನು ನೋಡುತ್ತ ಕೂತ.

ಮರುದಿನ ರವಿವಾರ. ಬಾವಿಯ ಹತ್ತಿರ ಎರಡೂ ಎತ್ತುಗಳು ಒಂದನ್ನೊಂದು ಮೂಸಿ ನೋಡಿ ನೊಗಕ್ಕೆ ಕೊರಳು ಕೊಟ್ಟವು. ಶಾಕೀರಾ ತನ್ನ ಅಪ್ಪನ ಹಿಂದೆ ನಿಂತಿದ್ದಳು. ಹಾಲವ್ವ ನೆಟ್ಟಗೆ ಹೋಗಿ ಬಿಳಿ ಕಲ್ಲನ್ನು ಎತ್ತಿಕೊಂಡಳು. ಒಂದು ಗೇಣು ಈಚೆ, ಹುಲ್ಲಿನ ನಡುವೆ ಅಂಗೈಯಗಲದ ಬೋಳು ನೆಲ ಹಾಗೆಯೇ ಇತ್ತು. ಕಲ್ಲನ್ನು ಅಲ್ಲಿಟ್ಟಳು. ಸರಿಯಾಗಿ ಕೂತಿತು.

"ಕಾಕಾ, ಕಲ್ಲು ಸರಿಸಿದ್ದು ನಾನು," ಎಂದಳು. "ಅಪ್ಪ ಅಲ್ಲ. ಆಡಾಕ ತಗೊಂಡಿದ್ನಿ."

ಅಪ್ಪನ ಕೈಯಲ್ಲಿದ್ದ ಬಾರಕೋಲು ನಿಧಾನವಾಗಿ ಕೆಳಗಿಳಿಯಿತು. ಹಯಾತ ಕಾಕಾನ ಬೆರಳು ತಾನಾಗಿಯೇ ಹಣೆಯ ಗಾಯದ ಗುರುತಿಗೆ ಹೋಯಿತು.

"ಎರಡ ತಿಂಗಳ ಹೊಟ್ಟ್ಯಾಗ ಇಟ್ಕೊಂಡಿದ್ದೇನ, ಬೇಟಿ?"

"ಹೇಳಿದ್ರ ತಪ್ಪೆಲ್ಲಾ ಅಪ್ಪಂದ ಅಂತ ಜೈಲಿಗೆ ಹಾಕ್ತಾರಂತ..." ಅವಳಿಗೆ ಅಳು ಬಂದಿತ್ತು.

ಅಪ್ಪ ಅವಳನ್ನು ಬಯ್ಯಲಿಲ್ಲ. ಗೆಳೆಯನ ಮುಖ ನೋಡಿ, "ಅವತ್ತ ಪಾಳಿ ನಿಂದ ಇತ್ತು, ಹಯಾತ. ನೀ ಹೇಳಿದ್ದ ಖರೆ," ಎಂದ. ಕೋರ್ಟಿನಲ್ಲಿ ಯಾರೂ ಅವನಿಂದ ಕೇಳದ ಮಾತು ಅದು.

ಹಯಾತ ಕಾಕಾ ಸಲಿಕೆ ತಂದ. ಇಬ್ಬರೂ ಕೂಡಿ ಕಲ್ಲನ್ನು ಅರ್ಧದಷ್ಟು ನೆಲದಲ್ಲಿ ಹುಗಿದು ಸುತ್ತ ಮಣ್ಣು ತುಳಿದರು. ಶಾಕೀರಾ ಹತ್ತಿರ ಬಂದು ಒಂದು ಹಂಚಿನ ಚೂರನ್ನು ಮುಂದೆ ಹಿಡಿದಳು.

"ಇದ್ರಾಗ ಆಡು. ಇದನ್ನ ಸರಿಸಿದ್ರ ಪೊಲೀಸ್ ಬರಾಂಗಿಲ್ಲ."

ಮಧ್ಯಾಹ್ನದವರೆಗೆ ಇಬ್ಬರೂ ಕುಂಟಿ ಕುಂಟಿ ಆಡಿದರು. ಕಾಲುವೆಯಲ್ಲಿ ನೀರು ಗುದ್ಲೆಪ್ಪನ ಬಳ್ಳಿಗಳ ಕಡೆ ಹರಿಯುತ್ತಿತ್ತು. ಕಂಬದ ನೆರಳು ಕಲ್ಲಿಗೆ ಇನ್ನೂ ನಾಲ್ಕು ಬೆರಳು ದೂರವಿತ್ತು. ಆಗಲೇ ಅಪ್ಪ ಎತ್ತು ನಿಲ್ಲಿಸಿ, ನೀರಿನ ದಾರಿಯನ್ನು ಹಯಾತನ ತೋಟದ ಕಡೆ ತಿರುವಿದ.

"ಇನ್ನೂ ಟೈಮ್ ಐತಲ್ಲೋ," ಎಂದ ಹಯಾತ ಕಾಕಾ.

"ಇರ್ಲಿ ಬಿಡು," ಎಂದ ಅಪ್ಪ.

ಒಂಟಿಕಾಲಲ್ಲಿ ನಿಂತಿದ್ದ ಹಾಲವ್ವ ಇನ್ನೊಂದು ಕಾಲನ್ನೂ ಮೆಲ್ಲಗೆ ನೆಲಕ್ಕೆ ಊರಿದಳು. ಈ ಸಲ ಅಪ್ಪ, ಕಾಕಾ ಇಬ್ಬರೂ ಬಸ್ಸಿನಲ್ಲಿದ್ದ ಹಾಗೆ ಒಬ್ಬರಿಂದೊಬ್ಬರು ಮುಖ ತಿರುಗಿಸಿರಲಿಲ್ಲ. ಕಾಲುವೆಯ ದಂಡೆಯಲ್ಲಿ ಕೂತು ಎಲೆಗೆ ಸುಣ್ಣ ಹಚ್ಚುತ್ತಿದ್ದರು.

ಕೇಸು ಮುಗಿದದ್ದು ಇವತ್ತು ಎಂದು ಅವಳಿಗೆ ಅನಿಸಿತು.