ಇಲ್ಲದ ತೊಲೆ

ಗಡಿಬಾಗಿಲ ಕಾವಲುಗಾರನ ಕುರ್ಚಿ ಖಾಲಿಯಿತ್ತು. ಕೋಟು ಮೊಳೆಗೆ ನೇತಾಡುತ್ತಿತ್ತು. ಮೇಜಿನ ಕೆಳಗೆ ಒಂದು ಕತ್ತರಿ ಬಿದ್ದಿತ್ತು.

ಇನ್ಸ್‌ಪೆಕ್ಟರಮ್ಮ ಹೊಸ್ತಿಲ ಬಳಿ ಕುಕ್ಕರುಗಾಲಲ್ಲಿ ಕೂತರು. ಧೂಳಿನಲ್ಲಿ ಹೋದ ಹೆಜ್ಜೆ ಇತ್ತು. ಬಂದ ಹೆಜ್ಜೆಯೂ ಇತ್ತು. ಬೂಟಿನ ಅಟ್ಟೆ ಬೇರೆ ಬೇರೆ. ಆದರೆ ಎರಡರಲ್ಲೂ ಬಲಪಾದ ಹೊರಕ್ಕೆ ತಿರುಗಿತ್ತು.

"ಹೋದೋನೇ ವಾಪಸ್ ಬಂದಿದಾನೆ ಮೇಡಂ. ಟೀಗೆ ಹೋಗಿರ್ತಾನೆ," ಎಂದ ಪೇದೆ.

"ಬೂಟು ಬದಲಾಯಿಸ್ಕೊಂಡಾ?"

ಪೇದೆ ಬಗ್ಗಿ ಎರಡೂ ಅಚ್ಚುಗಳನ್ನು ಮತ್ತೆ ನೋಡಿದ.

ಬಾಗಿಲಾಚೆ ಇರುವುದು ಕಳೆದ ದಿನಗಳ ನಾಡು. ಅಲ್ಲಿಯ ಕಾಲ ಒಮ್ಮೆ ತೆವಳುತ್ತದೆ, ಒಮ್ಮೆ ಓಡುತ್ತದೆ. ಅಲ್ಲಿ ಗೋಡೆಗೋ ಮರಕ್ಕೋ ಗೀಚಿದ್ದು ಇಲ್ಲಿಯೂ ಮೂಡುತ್ತದೆ. ಆ ಭಯಕ್ಕೇ ಎರಡು ನಾಡುಗಳ ನಡುವೆ ಒಪ್ಪಂದವಾಗಿದ್ದು. ಅಪ್ಪಣೆಯಿಲ್ಲದೆ ದಾಟಿದರೆ ಅಪರಾಧ. ಅಲ್ಲಿಂದ ಒಬ್ಬರು ಬಂದರಷ್ಟೇ ಇಲ್ಲಿಂದ ಒಬ್ಬರು ಹೋಗಬಹುದು. ಸಂಜೆಯ ಗಂಟೆಯೊಳಗೆ ಮರಳದಿದ್ದರೆ ಹೋದವರು ಅಲ್ಲಿಯವರು, ಬಂದವರು ಇಲ್ಲಿಯವರು. ಅಲ್ಲಿಂದ ಬಂದವರು ಮರಳಿದರೆ ಇಲ್ಲಿ ಕೇಳಿದ್ದೆಲ್ಲವನ್ನೂ ಹೊಸ್ತಿಲು ಒರೆಸಿಬಿಡುತ್ತದೆ.

ಹಾಗಾದರೆ ಯಾರೋ ತಮ್ಮವರನ್ನು ಕರೆಸಿಕೊಂಡಿದ್ದಾರೆ. ಅದಕ್ಕೆ ಬೆಲೆಯಾಗಿ ಕಾವಲುಗಾರನನ್ನು ಆಚೆ ತಳ್ಳಿದ್ದಾರೆ.

ಕತ್ತರಿ ದರ್ಜಿಯದು. ಸತ್ತ ಹೆಂಡತಿಯನ್ನು ನೋಡಲು ಬಿಡಿ ಎಂದು ಅವನು ಬಾಗಿಲ ಮುಂದೆ ಜಗಳವಾಡಿದ್ದು ಊರಿಗೇ ಗೊತ್ತಿತ್ತು.

*

ದರ್ಜಿ ಊಟಕ್ಕೆ ಕೂತಿದ್ದ. ಒಂದೇ ತಟ್ಟೆ.

"ಅವಳನ್ನ ತಂದಿದ್ರೆ ಹೀಗೆ ಒಬ್ನೇ ಕೂತು ನುಂಗ್ತಿದ್ನಾ ಮೇಡಂ?"

"ಕತ್ತರಿ?"

"ಸಿಕ್ತಾ!" ದರ್ಜಿ ಕಸಿದುಕೊಂಡು ಅಲಗಿನ ಮೇಲೆ ಬೆರಳಾಡಿಸಿದ. ಮುಖ ಹುಳ್ಳಗಾಯಿತು. "ನಿನ್ನೆ ಆ ಕಾವಲುಗಾರ ಪುಣ್ಯಾತ್ಮನೇ ಬಂದು ಇಸ್ಕೊಂಡು ಹೋದ. ಬಟ್ಟೆ ಕತ್ತರೀಲಿ ಬೇರೇನೂ ಕತ್ತರಿಸಬೇಡಪ್ಪಾ ಅಂತ ಬಡ್ಕೊಂಡೆ. ನೋಡಿ, ಅಲಗೆಲ್ಲಾ ಹಾಳು."

ಅಲಗಿನ ಸಂದಿಯಲ್ಲಿ ನಾರು ಸಿಕ್ಕಿಕೊಂಡಿತ್ತು. ಹೊಸ ಹಗ್ಗದ ನಾರು.

*

ಕಾವಲುಗಾರನ ಹೆಂಡತಿ ಬಾಗಿಲನ್ನು ಅರ್ಧ ಮಾತ್ರ ತೆರೆದಳು. ಕಣ್ಣುಗಳು ಊದಿದ್ದವು.

"ಒಳಗೆ ಯಾರಮ್ಮಾ?"

"ಮೈದುನ. ಊರಿಂದ ಬಂದಿದಾನೆ."

ಅಡುಗೆಮನೆಯಿಂದ ಒಬ್ಬ ಯುವಕ ಲೋಟ ಹಿಡಿದು ಬಂದ. ನಡುಮನೆಗೆ ಕಾಲಿಡುವ ಮುನ್ನ ಕುತ್ತಿಗೆ ಬಗ್ಗಿಸಿ, ದಾಟಿ, ಮತ್ತೆ ನೆಟ್ಟಗಾದ. ತಲೆಯ ಮೇಲೆ ಏನೂ ಇರಲಿಲ್ಲ. ನಡೆಯುವಾಗ ಬಲಪಾದ ಹೊರಕ್ಕೆ ತಿರುಗುತ್ತಿತ್ತು.

ಇನ್ಸ್‌ಪೆಕ್ಟರಮ್ಮ ಮೇಲೆ ನೋಡಿದರು. ಎರಡೂ ಗೋಡೆಗಳಲ್ಲಿ ಗಾರೆ ಮೆತ್ತಿದ ಚೌಕಗಳು.

"ಇಲ್ಲೊಂದು ತೊಲೆ ಇತ್ತಲ್ವಾ? ಯಾಕೆ ತೆಗೆಸಿದ್ರಿ?"

ಹೆಂಡತಿ ಬಾಗಿಲ ಚೌಕಟ್ಟಿಗೆ ಒರಗಿದಳು. ಅವಳ ಬೆರಳು ಅಲ್ಲಿದ್ದ ಗೀಟುಗಳ ಮೇಲೆ ಓಡಿತು. ಮಗುವಿನ ಎತ್ತರ ಅಳೆದ ಗೀಟುಗಳು. ಸೊಂಟದ ಮಟ್ಟಕ್ಕೆ ನಿಂತುಹೋಗಿದ್ದವು.

"ಮಗಳು ಗುಬ್ಬಿಯ ಉಯ್ಯಾಲೆ ಅದಕ್ಕೇ ಕಟ್ಟಿದ್ವಿ," ಎಂದು ಪಿಸುಗುಟ್ಟಿದಳು. "ಸವೆದ ಹಗ್ಗ ಹರೀತು. ಆಮೇಲೆ ಆ ತೊಲೆ ನೋಡೋಕಾಗ್ಲಿಲ್ಲ."

ಯುವಕನ ಕೈಯಿಂದ ಲೋಟ ಬಿತ್ತು.

"ಏನಂದೆ? ಗುಬ್ಬಿ ಅಜ್ಜಿ ಮನೇಲಿದಾಳೆ ಅಂದ್ಯಲ್ಲೇ!"

"ಕೂತ್ಕೊಳ್ಳಿ ಕಾವಲುಗಾರ್ರೇ," ಎಂದರು ಇನ್ಸ್‌ಪೆಕ್ಟರಮ್ಮ. "ನೀವು ಮೈದುನ ಅಲ್ಲ. ಹತ್ತು ವರ್ಷ ಹಿಂದಿನ ಯಜಮಾನರು. ತೆಗೆಸಿದ ತೊಲೆಗೆ ತಲೆ ಬಗ್ಗಿಸೋದು ಅದು ಇದ್ದಾಗ ಇಲ್ಲಿದ್ದೋರೇ. ಹೋದ ಹೆಜ್ಜೆ, ಬಂದ ಹೆಜ್ಜೆ ಎರಡೂ ನಿಮ್ಮದೇ. ಹೇಗೆ ಬಂದ್ರಿ?"

"ಕೆಲಸಕ್ಕೆ ಹೋಗಿ ಬಾಗಿಲು ಮುಟ್ಟಿದೆ. ಯಾರೋ ಕೈ ಹಿಡಿದು ಈಚೆ ಎಳೆದ್ರು. ತಿರುಗೋಷ್ಟರಲ್ಲಿ ಬಾಗಿಲು ಮುಚ್ಚಿತ್ತು."

"ಎಳೆದಿದ್ದೂ ನೀವೇ. ವಯಸ್ಸಾದ ನೀವು. ಕತ್ತರಿ ಇಸ್ಕೊಂಡು ಉಯ್ಯಾಲೆಗೆ ಹೊಸ ಹಗ್ಗ ಅಳತೆಗೆ ಕತ್ತರಿಸಿ, ನಿಮ್ಮ ಜಾಗಕ್ಕೆ ಹೋದ್ರು. ಅವರನ್ನ ಯಾರೂ ತಳ್ಳಿಲ್ಲ."

"ಕಳ್ಳ!" ಯುವಕ ಎದ್ದು ನಿಂತ. "ನನ್ನ ಮನೆ, ನನ್ನ ಮಗು! ಹಗ್ಗ ಕಟ್ಟೋಕೆ ನನಗೇನು ಕೈ ಇರಲಿಲ್ವಾ?"

"ಇತ್ತು," ಎಂದಳು ಹೆಂಡತಿ. "ನಾಳೆ ನಾಳೆ ಅಂದ್ರಿ."

ಎಲ್ಲೋ ಮರ ಕಿರುಗುಟ್ಟಿದಂತಾಯಿತು. ತೊಲೆಯಿಲ್ಲದ ಜಾಗದಿಂದ. ಪೇದೆ ಎರಡು ಹೆಜ್ಜೆ ಹಿಂದೆ ಸರಿದ.

"ಸಂಜೆ ಗಂಟೆಗೆ ಇನ್ನೂ ಹೊತ್ತಿದೆ," ಎಂದರು ಇನ್ಸ್‌ಪೆಕ್ಟರಮ್ಮ. "ದೂರು ಕೊಟ್ರೆ ನಿಮ್ಮನ್ನ ದಾಟಿಸ್ತೀನಿ. ಅವರು ಈಚೆ ಬೀಳ್ತಾರೆ."

"ಕೊಡ್ತೀನಿ. ನಾನೇ ಹೋಗಿ ಕಟ್ತೀನಿ."

"ಹೊಸ್ತಿಲು ದಾಟಿದ್ರೆ ಇದ್ಯಾವುದೂ ನಿಮಗೆ ನೆನಪಿರಲ್ಲ. ಅವರು ಅಷ್ಟರಲ್ಲಿ ಕಟ್ಟಿದ್ರೆ ಸರಿ. ಕಟ್ಟಿರದಿದ್ರೆ, ಮತ್ತೆ ನಾಳೆ ಅಂತೀರ."

ಅವನು ಹೆಂಡತಿಯ ಕಡೆ ನೋಡಿದ. ಅವಳು ಹೋಗಿ ಅಂತಲೂ ಅನ್ನಲಿಲ್ಲ, ಇರಿ ಅಂತಲೂ ಅನ್ನಲಿಲ್ಲ. ಅವನು ಬಾಗಿಲವರೆಗೆ ಹೋದ. ಚಿಲಕದ ಮೇಲೆ ಕೈಯಿಟ್ಟ. ಆಮೇಲೆ ಅಲ್ಲೇ ನೆಲದ ಮೇಲೆ ಕುಸಿದು, ಮಂಡಿಯಲ್ಲಿ ಮುಖ ಹುದುಗಿಸಿದ.

"ಅಲ್ಲಿ ಅವನೇ ಇರ್ಲಿ," ಎಂದ. "ಅವನಿಗೆ ನೆನಪಿದೆ."

ದೂರದಲ್ಲಿ ಗಂಟೆ ಹೊಡೆಯಿತು.

ಅದನ್ನು ಮೊದಲು ನೋಡಿದವಳು ಹೆಂಡತಿ. ಚೌಕಟ್ಟಿನಲ್ಲಿ, ಕೊನೆಯ ಗೀಟಿನ ಮೇಲೆ, ಇನ್ನೊಂದು ಗೀಟು. ಮಾಸಿದ ಪೆನ್ಸಿಲ್ಲಿನದು, ವರ್ಷಗಳಿಂದ ಅಲ್ಲೇ ಇದ್ದಂತೆ. ಅದರ ಮೇಲೆ ಮತ್ತೊಂದು. ಯುವಕನ ಭುಜದ ಮಟ್ಟಕ್ಕೆ.

ಯುವಕ ಎದ್ದು ಬಂದು ಅಂಗೈಯಿಂದ ಅಳೆದ.

"ನಿನ್ನಷ್ಟೇ ಆಗಿದಾಳೆ ಕಣೇ."

ಇನ್ಸ್‌ಪೆಕ್ಟರಮ್ಮ ಟೋಪಿ ಎತ್ತಿಕೊಂಡರು. ಕಳ್ಳ ಸಿಕ್ಕಿದ್ದ, ದೂರುದಾರ ಸಿಗಲಿಲ್ಲ. ಹೊರಡುವಾಗ ನಡುಮನೆಯಲ್ಲಿ ಅವರೂ ತಲೆ ಬಗ್ಗಿಸಿ, ಉಯ್ಯಾಲೆಗೆ ದಾರಿ ಬಿಟ್ಟು, ಒಂದು ಬದಿಯಿಂದ ದಾಟಿದರು.